ಮಲೆನಾಡಿನ ಮಳೆಯಲ್ಲಿ ಕಿರುಚಿತ್ರ ಮಾಡೋದು ಹೇಗೆ

ಜೂನ್ ಬಂತು ಅಂದ್ರೆ ತೀರ್ಥಹಳ್ಳಿ, ಹೊಸನಗರ ಕಡೆ ಕಿರುಚಿತ್ರ ಮಾಡುವವರು ಕ್ಯಾಮೆರಾ ಒಳಗಿಟ್ಟು ಮಳೆ ಹೊಳವಾಗಲಿ ಅಂತ ಕಾಯುತ್ತಾರೆ. ಕಾಯಬೇಡಿ. ದೊಡ್ಡ ಸಿನಿಮಾದವರು ಟ್ಯಾಂಕರ್ ತರಿಸಿ ಸುರಿಸುವ ಮಳೆ ನಮಗೆ ಅಂಗಳದಲ್ಲೇ ಪುಕ್ಕಟೆ ಸಿಗುತ್ತದೆ, ಅಲ್ವಾ?

ಆದರೆ ಮಳೆ ಸುಮ್ನೆ ಚಂದಕ್ಕೆ ಇರಬಾರದು, ಕಥೆಯಲ್ಲಿ ಅದಕ್ಕೊಂದು ಕೆಲಸ ಇರಬೇಕು. ಇದೇ ತೀರ್ಥಹಳ್ಳಿ ತಾಲ್ಲೂಕಿನ ಗಿರೀಶ್ ಕಾಸರವಳ್ಳಿ, ನಾ. ಡಿಸೋಜರ ಕಾದಂಬರಿಯಿಂದ ಮಾಡಿದ ‘ದ್ವೀಪ’ ಸಿನಿಮಾ ನೋಡಿ. ಅಣೆಕಟ್ಟಿನ ನೀರು ಏರುತ್ತಾ ಹೋದ ಹಾಗೆ ಮನೆಯವರ ಮಧ್ಯದ ಸಂಬಂಧವೂ ಬದಲಾಗುತ್ತದೆ. ನಿಮ್ಮ ಕಥೆಯಲ್ಲಿ ಕಾಲುಸಂಕ ಕೊಚ್ಚಿಹೋಗಲಿ, ಮೂರು ದಿನ ಕರೆಂಟ್ ಇಲ್ಲದೆ ಇರಲಿ.

ಆಮೇಲೆ, ಯಾರ ಕಣ್ಣಿಂದ ನೋಡುತ್ತೀರಿ ಅಂತ ತೀರ್ಮಾನಿಸಿ. ಕಾಸರವಳ್ಳಿಯವರದೇ 1977ರ ಸಿನಿಮಾ ‘ಘಟಶ್ರಾದ್ಧ’ದಲ್ಲಿ ವಿಧವೆಯ ಸಂಕಟವನ್ನು ನಾವು ನಾಣಿ ಎಂಬ ಹುಡುಗನ ಜೊತೆ ನೋಡುತ್ತೇವೆ. ಅವನಿಗೆ ಅರ್ಥವಾಗದ್ದು ನಮಗೆ ಅರ್ಥವಾಗುತ್ತದೆ, ಅದಕ್ಕೇ ಜಾಸ್ತಿ ನೋವು. ನೀವೂ ಮಗುವಿನ ಕಣ್ಣು ಆರಿಸಿಕೊಂಡರೆ ಕ್ಯಾಮೆರಾವನ್ನು ಅದರ ಎತ್ತರಕ್ಕೆ ಇಳಿಸಿ.

ಮಳೆ ಧೋ ಅಂತ ಸುರಿಯುತ್ತಿದ್ದರೂ ಕ್ಯಾಮೆರಾದಲ್ಲಿ ಬರೀ ಬೂದು ಬರುತ್ತದೆ. ಬೆಳಕು ಹನಿಗಳ ಹಿಂದಿನಿಂದ ಬೀಳಬೇಕು, ಅದರಾಚೆ ಕಪ್ಪಗಿರುವುದು ಏನಾದರೂ ಇರಬೇಕು. ಜಗುಲಿಯಲ್ಲಿ ಕೂತು, ಅಂಗಳದಾಚೆಯ ಅಡಿಕೆ ತೋಟದ ಕತ್ತಲೆ ಬರುವ ಹಾಗೆ ಫ್ರೇಮ್ ಇಟ್ಟರೆ ಹೆಂಚಿನಿಂದ ಇಳಿಯುವ ನೀರು ಎಳೆ ಎಳೆಯಾಗಿ ಕಾಣುತ್ತದೆ. ಬಿಳಿ ಆಕಾಶ ಬಂತೋ, ಮಳೆ ಮಾಯ. ಶಟರ್ ವೇಗ 1/50 ಸೆಕೆಂಡಿಗೆ ಇಟ್ಟರೆ ಹನಿ ಗೆರೆಯಾಗುತ್ತದೆ, 1/500ಕ್ಕೆ ಇಟ್ಟರೆ ಬಿಡಿ ಬಿಡಿ ಮುತ್ತು. ನನಗೆ ಗೆರೆಯೇ ಇಷ್ಟ.

ಸದ್ದಿನ ವಿಷಯದಲ್ಲಿ ನನ್ನ ಒಂದು ಇಡೀ ದಿನದ ಕೆಲಸ ಹಾಳಾಗಿದೆ. ಅಜ್ಜಿ, ಮೊಮ್ಮಗಳ ಮಾತು ಬಹಳ ಚೆನ್ನಾಗಿ ಬಂದಿತ್ತು, ಸಂಜೆ ಹೆಡ್‌ಫೋನ್ ಹಾಕಿ ಕೇಳಿದರೆ ತಗಡಿನ ಮೇಲೆ ಮಳೆ ಬೀಳುವ ಸದ್ದು ಬಿಟ್ಟು ಬೇರೇನೂ ಇಲ್ಲ. ಈಗ ಟೇಕ್ ಮುಗಿದ ಕೂಡಲೇ, ಅದೇ ಭಾವ ಇರುವಾಗಲೇ, ಅವರನ್ನು ಒಳಕೋಣೆಗೆ ಕರೆದು ಮಾತು ಇನ್ನೊಮ್ಮೆ ಆಡಿಸುತ್ತೇನೆ. ಹೆಂಚಿನ ಮೇಲಿನ ಮಳೆ, ಬಾಳೆ ಎಲೆ ಮೇಲಿನ ಮಳೆ, ಹಂಡೆಗೆ ಬೀಳುವ ನೀರು, ಒಂದೊಂದನ್ನೂ ಎರಡೆರಡು ನಿಮಿಷ ಬೇರೆ ರೆಕಾರ್ಡ್ ಮಾಡುತ್ತೇನೆ.

ಊರವರ ಕೈಗೆ ಡೈಲಾಗ್ ಹಾಳೆ ಕೊಡಬೇಡಿ, ಕೆಲಸ ಕೊಡಿ. ಪತ್ರೊಡೆಗೆ ಕೆಸುವಿನ ಎಲೆ ಹಾಸಿ ಹಿಟ್ಟು ಸವರುತ್ತಿರುವ ಅಮ್ಮ "ಮಾಣಿ ಫೋನ್ ಮಾಡಿದ್ನಾ?" ಅಂತ ಕೇಳಲಿ. ಇಲ್ಲ ಅನ್ನುವ ಉತ್ತರಕ್ಕೆ ಎಲೆ ಮೇಲಿನ ಬೆರಳು ಒಂದು ಗಳಿಗೆ ನಿಂತು, ಮತ್ತೆ ಸವರಲಿ. ಆಗ ಮುಖಕ್ಕೆ ಹೋಗಬೇಡಿ, ಕೈ ಮೇಲೇ ಇರಿ.

ರಾತ್ರಿ ಕ್ಯಾಮೆರಾ ಒರೆಸಿ, ಗಟ್ಟಿ ಮುಚ್ಚಳದ ಡಬ್ಬಿಯಲ್ಲಿ ತೇವ ಹೀರುವ ಸಿಲಿಕಾ ಜೆಲ್ ಪೊಟ್ಟಣದ ಜೊತೆ ಇಡಿ. ಇಲ್ಲದಿದ್ದರೆ ಮಳೆಗಾಲ ಮುಗಿಯುವಷ್ಟರಲ್ಲಿ ಲೆನ್ಸ್ ಒಳಗೆ ಬೂಷ್ಟು ಬಂದಿರುತ್ತದೆ.