ಎರಡು ರೀಲಿನ ಮೂಕಿ ಚಿತ್ರಕ್ಕೆ ಹಾರ್ಮೋನಿಯಂ ನುಡಿಸಿದ್ದು

1920ರಲ್ಲಿ ತೆರೆಕಂಡ, ಅಮೆರಿಕದ ಮೂಕಿ ಚಿತ್ರಗಳ ಹಾಸ್ಯನಟ ಬಸ್ಟರ್ ಕೀಟನ್‌ನ ‘ಒನ್ ವೀಕ್’ ಚಿತ್ರದ ಪ್ರದರ್ಶನಕ್ಕೆ ಪರದೆಯ ಪಕ್ಕದಲ್ಲೇ ಕುಳಿತು ಹಾರ್ಮೋನಿಯಂ ನುಡಿಸಬೇಕೆಂದು ನಮ್ಮೂರಿನ ಚಿತ್ರಸಮಾಜದವರು ಕೇಳಿದಾಗ, ನಾನು ಮತ್ತು ನನ್ನ ತಬಲಾ ಗೆಳೆಯ ಸಂತೋಷದಿಂದ ಒಪ್ಪಿಕೊಂಡೆವು.

ಮೊದಲು ತೀರ್ಮಾನವಾಗಬೇಕಾದದ್ದು ಚಿತ್ರದ ವೇಗ. ಆಗ ಕ್ಯಾಮೆರಾದ ಹಿಡಿಯನ್ನು ಕೈಯಿಂದ ತಿರುಗಿಸುತ್ತಿದ್ದರು, ಹಾಗಾಗಿ ವೇಗ ಒಂದೇ ಸಮನಾಗಿರುತ್ತಿರಲಿಲ್ಲ. ಸೆಕೆಂಡಿಗೆ 24 ಫ್ರೇಮು (ಫಿಲ್ಮಿನ ಒಂದೊಂದು ಬಿಡಿ ಚಿತ್ರ) ಎಂಬ ಕಟ್ಟುನಿಟ್ಟು ಬಂದದ್ದು ಮಾತಿನ ಚಿತ್ರಗಳ ಜೊತೆಗೆ. 35 ಮಿ.ಮೀ. ಫಿಲ್ಮಿನಲ್ಲಿ ಒಂದು ಅಡಿಗೆ 16 ಫ್ರೇಮುಗಳಿರುವುದರಿಂದ, ಸಾವಿರ ಅಡಿಯ ರೀಲು 16ರ ವೇಗದಲ್ಲಿ ಸುಮಾರು 17 ನಿಮಿಷ ಓಡಿದರೆ, 24ರಲ್ಲಿ 11 ನಿಮಿಷಕ್ಕೇ ಮುಗಿದುಬಿಡುತ್ತದೆ. ಹಾಸ್ಯಚಿತ್ರವನ್ನು ವೇಗವಾಗಿ ಓಡಿಸಿದಷ್ಟೂ ನಗು ಹೆಚ್ಚು ಎಂಬ ನಂಬಿಕೆಯನ್ನು ನಾನು ಒಪ್ಪುವುದಿಲ್ಲ. ಬೀಳುವ ದೇಹಕ್ಕೆ ಭಾರವಿದೆ ಎನ್ನಿಸದಿದ್ದರೆ ಬಿದ್ದದ್ದಕ್ಕೆ ಅರ್ಥವೇ ಇರುವುದಿಲ್ಲ. ಹಲವು ಸಲ ಓಡಿಸಿ ನೋಡಿ, ಕೀಟನ್‌ನ ನಡಿಗೆ ಮನುಷ್ಯರ ನಡಿಗೆಗಿಂತ ತುಸುವೇ ಚುರುಕಾಗಿ ಕಾಣುವ ವೇಗಕ್ಕೆ ನಿಲ್ಲಿಸಿಕೊಂಡೆವು.

ಕತೆ ಸರಳ. ನವದಂಪತಿಗೆ ಬಿಡಿಭಾಗಗಳನ್ನು ಜೋಡಿಸಿ ಕಟ್ಟುವ ಮನೆಯೊಂದು ಉಡುಗೊರೆಯಾಗಿ ಬರುತ್ತದೆ. ಹುಡುಗಿಯನ್ನು ಬಯಸಿ ನಿರಾಶನಾದವನು ಪೆಟ್ಟಿಗೆಗಳ ಮೇಲಿನ ಅಂಕಿಗಳನ್ನು ತಿದ್ದಿಬಿಡುತ್ತಾನೆ. ಸೊಟ್ಟಗೆ ಎದ್ದ ಮನೆ ಬಿರುಗಾಳಿಗೆ ಬುಗುರಿಯಂತೆ ತಿರುಗುವಾಗ ನಾವು ವೇಗದ ಲಯವಾದ ದ್ರುತ್‌ನಲ್ಲಿ ನುಡಿಸಿದೆವು. ಅದೇನೂ ಕಷ್ಟವಾಗಲಿಲ್ಲ.

ಕಷ್ಟವಾದದ್ದು ಕೊನೆಯ ರೈಲಿನ ದೃಶ್ಯ. ಹಳಿಯ ಮೇಲೆ ಸಿಕ್ಕಿಕೊಂಡ ಮನೆಯತ್ತ ರೈಲು ನುಗ್ಗಿ ಬರುತ್ತದೆ, ಆದರೆ ಪಕ್ಕದ ಹಳಿಯಲ್ಲಿ ಹಾದುಹೋಗುತ್ತದೆ. ಗಂಡಹೆಂಡಿರು ಉಸಿರು ಬಿಡುವಷ್ಟರಲ್ಲಿ ಎದುರು ದಿಕ್ಕಿನಿಂದ ಬಂದ ಇನ್ನೊಂದು ರೈಲು ಮನೆಯನ್ನು ಪುಡಿಮಾಡುತ್ತದೆ. ಮೊದಲ ಪ್ರದರ್ಶನದಲ್ಲಿ ನಾನು ಇಡೀ ದೃಶ್ಯವನ್ನು ಸ್ವರಗಳಿಂದ ತುಂಬಿಸಿದ್ದೆ. ಎರಡನೆಯ ರೈಲು ಬರುವ ಸೂಚನೆಯನ್ನು ನನ್ನ ಏರುಸ್ವರವೇ ಕೊಟ್ಟುಬಿಟ್ಟಿತು, ಸಭೆಯಲ್ಲಿ ನಗು ತೆಳುವಾಯಿತು. ಮುಂದಿನ ಪ್ರದರ್ಶನದಲ್ಲಿ ಮೊದಲ ರೈಲು ಹಾದುಹೋದ ಕ್ಷಣವೇ ಬಲಗೈಯನ್ನು ಹಾರ್ಮೋನಿಯಂನ ಕೀಲಿಮಣೆಯಿಂದ ಎತ್ತಿಬಿಟ್ಟೆ. ಎಡಗೈ ಮಾತ್ರ ಗಾಳಿ ತುಂಬಿದ ತಿದಿಯ ಮೇಲಿತ್ತು. ಸಭಾಂಗಣದಲ್ಲಿ ಫ್ಯಾನುಗಳ ಸದ್ದು ಕೇಳಿಸುವಷ್ಟು ಮೌನ. ಮನೆ ಸಿಡಿದಾಗ ಗೆಳೆಯ ತಬಲಾ ಜೋಡಿಯ ದೊಡ್ಡ ವಾದ್ಯವಾದ ಡಗ್ಗಾದ ಮೇಲೆ ಒಂದೇ ಒಂದು ಪೆಟ್ಟು ಕೊಟ್ಟ, ನಾನು ಏನನ್ನೂ ನುಡಿಸಲಿಲ್ಲ. ನಗು ಹಿಂದಿನ ಸಾಲಿನಿಂದ ಎದ್ದು ಮುಂದಕ್ಕೆ ಬಂತು.

ಅದು ಇಳಿಯುವವರೆಗೆ ಕಾದೆ. ಅವಶೇಷದ ಮೇಲೆ ‘ಮಾರಾಟಕ್ಕಿದೆ’ ಫಲಕವಿಟ್ಟು, ಜೊತೆಗೆ ಮನೆ ಕಟ್ಟುವ ಸೂಚನೆಗಳನ್ನೂ ಬಿಟ್ಟು ಅವರು ಹೊರಟಾಗ, ಚಿತ್ರದ ಆರಂಭದ ಮದುವೆಗೆ ನುಡಿಸಿದ್ದ ಸ್ವರಗಳನ್ನೇ ನಿಧಾನ ಲಯವಾದ ವಿಲಂಬಿತದಲ್ಲಿ ಮತ್ತೆ ಹಿಡಿದೆ.