ಲಗ್ನಪತ್ರಿಕೆ ಕತ್ತರಿಸಿ ಮಾಡಿದ 22 ಕಾರ್ಡು

ನನ್ನ ಟೇಬಲ್ ಡ್ರಾಯರಿನಲ್ಲಿ ರಬ್ಬರ್ ಬ್ಯಾಂಡ್ ಹಾಕಿದ ಒಂದು ಕಾರ್ಡಿನ ಕಟ್ಟು ಇದೆ. ಒಟ್ಟು 22. ಹಳೇ ಲಗ್ನಪತ್ರಿಕೆಗಳನ್ನು ಕತ್ತರಿಸಿ, ಹಿಂಬದಿಯ ಖಾಲಿ ಜಾಗದಲ್ಲಿ ಸ್ಕೆಚ್ ಪೆನ್ನಿನಿಂದ, ಕೆಲಸದಿಂದ ನಮಗೆ ಏನು ಬೇಕು ಅನ್ನೋದರ ಬಗ್ಗೆ ಒಂದೊಂದು ಮಾತು ಬರೆದಿದ್ದೇನೆ. ತಿರುಗಿಸಿದರೆ ಯಾರದೋ ಅರ್ಧ ಗಣಪತಿ, ಇನ್ಯಾರದೋ ಮುಹೂರ್ತ ಕಾಣುತ್ತದೆ. ದಾವಣಗೆರೆಯಲ್ಲಿ ಕೆರಿಯರ್ ಕೌನ್ಸೆಲಿಂಗ್ ಅಂತ ಕೂತು 13 ವರ್ಷ ಆಯಿತು. ಈ ಕಾರ್ಡು ಬಂದಿದ್ದು ಮಾತ್ರ ತಡವಾಗಿ. ಅದಕ್ಕೂ ಮುಂಚೆ ಒಂದು ತಪ್ಪು ಮಾಡಿದ್ದೆ, ಅದನ್ನೇ ಮೊದಲು ಹೇಳಿಬಿಡುತ್ತೇನೆ.

2013ರಲ್ಲಿ ಎಸ್ಸೆಸ್ಸೆಲ್ಸಿ ಮುಗಿಸಿದ ಒಬ್ಬಳು ಹುಡುಗಿ ಬಂದಿದ್ದಳು. ಆಗ ನನ್ನ ಹತ್ತಿರ ಇದ್ದಿದ್ದು ಡಿಬಿಡಿಎ ಅನ್ನೋ ಸಾಮರ್ಥ್ಯ ಪರೀಕ್ಷೆ, ಜೊತೆಗೆ ಒಂದು ಆಸಕ್ತಿ ಪಟ್ಟಿ. ಲೆಕ್ಕದಲ್ಲಿ, ತರ್ಕದಲ್ಲಿ ಆಕೆಯ ಸ್ಕೋರು ನೋಡಿ ನನಗೇ ಖುಷಿಯಾಯಿತು. ನೂರು ಮಕ್ಕಳನ್ನು ಸಾಲಾಗಿ ನಿಲ್ಲಿಸಿದರೆ ತೊಂಬತ್ತಕ್ಕಿಂತ ಜಾಸ್ತಿ ಮಕ್ಕಳು ಇವಳ ಹಿಂದೆ. ಪಿಯುಸಿಯಲ್ಲಿ ಪಿಸಿಎಂಸಿ (ಫಿಸಿಕ್ಸ್, ಕೆಮಿಸ್ಟ್ರಿ, ಮ್ಯಾಥ್ಸ್, ಕಂಪ್ಯೂಟರ್ ಸೈನ್ಸ್) ತಗೋ, ಕಂಪ್ಯೂಟರ್ ಸೈನ್ಸ್ ಇಂಜಿನಿಯರಿಂಗ್ ಮಾಡು ಅಂತ ಬರೆದುಕೊಟ್ಟೆ. ಒಂದು ಗಂಟೆಯೂ ಹಿಡಿಯಲಿಲ್ಲ. ಅವರಪ್ಪ ಎದ್ದು ಕೈಮುಗಿದು ಹೋದರು.

2022ರಲ್ಲಿ ಅದೇ ಹುಡುಗಿ ಒಬ್ಬಳೇ ಬಂದಳು. ಓದಿನಲ್ಲಿ ಎಲ್ಲೂ ಎಡವಿರಲಿಲ್ಲ, ಕ್ಯಾಂಪಸ್ಸಿನಲ್ಲೇ ಕೆಲಸ, ಒಳ್ಳೇ ಸಂಬಳ. "ಕೆಲಸ ಕಷ್ಟ ಏನಲ್ಲ ಮೇಡಂ, ಬರುತ್ತೆ. ಆದರೆ ಸಂಜೆ ಲ್ಯಾಪ್‌ಟಾಪ್ ಮುಚ್ಚಿದಾಗ, ಇವತ್ತು ಯಾರಿಗಾದ್ರೂ ಏನಾದ್ರೂ ಆಯ್ತಾ ನನ್ನಿಂದ ಅಂತ ನೋಡಿದ್ರೆ ಒಬ್ಬರ ಮುಖಾನೂ ನೆನಪಾಗಲ್ಲ" ಅಂದಳು. ಕೋವಿಡ್ ಟೈಮಿನಲ್ಲಿ ಮನೆಯಿಂದ ಕೆಲಸ ಮಾಡಿದ್ದಕ್ಕೆ ಹಾಗನ್ನಿಸಿರಬೇಕು ಅಂದೆ. ಆಫೀಸು ತೆರೆದು ಆರು ತಿಂಗಳಾಗಿದೆ, ಏನೂ ಬದಲಾಗಿಲ್ಲ ಅಂದಳು. ಆಮೇಲೆ ಮಾತಿಗೆ ಮಾತು ಬಂದು ಗೊತ್ತಾಯಿತು, ಹೈಸ್ಕೂಲಿನಲ್ಲಿದ್ದಾಗ ದಿನಾ ಸಂಜೆ ಪಕ್ಕದ ಮನೆಯ ಮೂರು ಮಕ್ಕಳಿಗೆ ಲೆಕ್ಕ ಹೇಳಿಕೊಡುತ್ತಿದ್ದಳಂತೆ. ದುಡ್ಡಿಗಲ್ಲ, ಸುಮ್ನೆ. 2013ರಲ್ಲಿ ನಾನು ಅದನ್ನು ಕೇಳಿರಲೇ ಇಲ್ಲ. ಈಗ ಬಿಎಡ್ ಮುಗಿಸಿ ಹೈಸ್ಕೂಲು ಮಕ್ಕಳಿಗೆ ಗಣಿತ ಪಾಠ ಮಾಡುತ್ತಿದ್ದಾಳೆ. ಸಂಬಳ ಮೊದಲಿನ ಅರ್ಧವೂ ಇಲ್ಲ.

ನನ್ನ ಪರೀಕ್ಷೆ ಸುಳ್ಳು ಹೇಳಿರಲಿಲ್ಲ, ಅದು ಗಮನಿಸಬೇಕಾದ ಮಾತು. ಅವಳಿಗೆ ಆ ಕೆಲಸ ಬರುತ್ತದೆ ಅಂದಿತ್ತು, ಬಂತು. ಏನು ಮಾಡೋಕೆ ಬರುತ್ತೆ ಅನ್ನೋದು ಒಂದು, ಏನು ಮಾಡೋಕೆ ಇಷ್ಟ ಅನ್ನೋದು ಇನ್ನೊಂದು, ಯಾತಕ್ಕೋಸ್ಕರ ಮಾಡ್ತೀವಿ ಅನ್ನೋದು ಮೂರನೇದು. ಮೂರನೇದನ್ನು ನಾನು ಮುಟ್ಟಿರಲಿಲ್ಲ. ಕೌನ್ಸೆಲಿಂಗ್ ಕೋರ್ಸಿನಲ್ಲಿ ಓದಿದ್ದೆ, ಇಲ್ಲ ಅಂತಲ್ಲ. 1908ರಲ್ಲಿ ಬಾಸ್ಟನ್ನಿನಲ್ಲಿ ಫ್ರಾಂಕ್ ಪಾರ್ಸನ್ಸ್ ಉದ್ಯೋಗ ಸಲಹಾ ಕೇಂದ್ರ ತೆರೆದಾಗಲೇ ಮೊದಲು ನಿನ್ನನ್ನು ನೀನು ತಿಳಿ, ಆಮೇಲೆ ಕೆಲಸಗಳನ್ನು ತಿಳಿ, ಆಮೇಲೆ ಎರಡನ್ನೂ ಕೂಡಿಸಿ ಯೋಚಿಸು ಅಂದಿದ್ದ. ಮನಶ್ಶಾಸ್ತ್ರಜ್ಞ ಡೊನಾಲ್ಡ್ ಸೂಪರ್ ಕೆಲಸದ ಮೌಲ್ಯಗಳನ್ನೇ, ಅಂದರೆ ಈ ಮೂರನೇದನ್ನೇ, 15 ಬಗೆಯಾಗಿ ವಿಂಗಡಿಸಿ ಅಳೆಯುವ ಪಟ್ಟಿ ಮಾಡಿದ. ಪರೀಕ್ಷೆಗೆ ಇದನ್ನೆಲ್ಲ ಬರೆದು ಪಾಸಾಗಿದ್ದೆ, ಅಷ್ಟೇ.

ಆ ಹುಡುಗಿ 2022ರಲ್ಲಿ ಬಂದು ಹೋದ ದಿನವೇ ಕಾರ್ಡು ಮಾಡಲು ಕೂತೆ. ಮೊದಲ ಸಲ ಮಾಡಿದ್ದು ನಗೆಪಾಟಲಾಯಿತು. ಮೌಲ್ಯಗಳ ಇಂಗ್ಲಿಷ್ ಪಟ್ಟಿಯನ್ನು ಮುಂದಿಟ್ಟುಕೊಂಡು ಸ್ವಾಯತ್ತತೆ, ಸೃಜನಶೀಲತೆ, ಪರೋಪಕಾರ, ಸಾಮಾಜಿಕ ಮನ್ನಣೆ ಅಂತ ಬರೆದೆ. ಹರಿಹರದ ಒಬ್ಬ ಹುಡುಗ ಸ್ವಾಯತ್ತತೆ ಕಾರ್ಡು ಎತ್ತಿ ಹಿಡಿದು, "ಇದು ಆಟೋನಮಸ್ ಕಾಲೇಜಾ ಮೇಡಂ? ಅಲ್ಲಿ ಪೇಪರ್ ಈಸಿ ಇರುತ್ತಂತೆ, ಬೇಕು" ಅಂದ. ಪಾಪ, ಅವನ ತಪ್ಪಿಲ್ಲ. ಅವತ್ತು ರಾತ್ರಿ ಎಲ್ಲ ಹರಿದುಹಾಕಿ, ಅಪ್ಪ ಅಮ್ಮಂದಿರು ನನ್ನ ಮುಂದೆ ಕೂತು ಆಡಿದ ಮಾತುಗಳನ್ನೇ ನೆನಪು ಮಾಡಿಕೊಂಡು ಬರೆದೆ. "ಯಾರ ಕೈಕೆಳಗೂ ಇರಬಾರದು." "ನಾಕು ಜನ ಮರ್ಯಾದೆ ಕೊಡಬೇಕು." "ಊರು ಬಿಡಬಾರದು." "ಊರು ಬಿಟ್ಟು ಹೋಗಬೇಕು." "ಕೈಯಲ್ಲಿ ಏನಾದರೂ ಮಾಡಬೇಕು." "ಸಂಜೆ ಆರಕ್ಕೆ ಮನೆಯಲ್ಲಿರಬೇಕು." "ನನ್ನ ಕೆಲಸದಿಂದ ಒಬ್ಬರಿಗಾದರೂ ಉಪಯೋಗ ಆಗಬೇಕು." ಹೀಗೆ. ಆಮೇಲೆ ಅರ್ಥ ಕೇಳಿದ ಮಗು ಇಲ್ಲ.

ಮೊದಮೊದಲು ಪ್ರತಿ ಕಾರ್ಡಿಗೆ ಒಂದರಿಂದ ಐದರವರೆಗೆ ಅಂಕ ಕೊಡು ಅನ್ನುತ್ತಿದ್ದೆ. ಎಲ್ಲದಕ್ಕೂ ಐದೇ! ಸಂಬಳವೂ ಐದು, ಸೇವೆಯೂ ಐದು, ಬಿಡುವೂ ಐದು. ಕೇಳಿದರೆ ಯಾರು ತಾನೇ ಬೇಡ ಅಂತಾರೆ? ಮನಶ್ಶಾಸ್ತ್ರಜ್ಞ ಮಿಲ್ಟನ್ ರೋಕೀಚ್ ತಂದ ಮೌಲ್ಯಗಳ ಸಮೀಕ್ಷೆಯಲ್ಲಿ ತಲಾ 18 ಮೌಲ್ಯಗಳ ಎರಡು ಪಟ್ಟಿ ಕೊಟ್ಟು, ಅಂಕ ಹಾಕಬೇಡಿ, ಒಂದರ ಕೆಳಗೊಂದು ಜೋಡಿಸಿ ಅಂದಿದ್ದು ಯಾಕೆ ಅಂತ ನನಗೆ ಆಗ ತಲೆಗೆ ಹೋಯಿತು. ಒಂದನ್ನು ಮೇಲಿಡಬೇಕು ಅಂದರೆ ಇನ್ನೊಂದನ್ನು ಕೆಳಗಿಡಲೇಬೇಕು.

ಈಗ ಮಾಡೋದು ಹೀಗೆ. ಮೂರು ಗುಡ್ಡೆ ಮಾಡಿಸುತ್ತೇನೆ, ಬೇಕೇ ಬೇಕು, ಇದ್ದರೆ ಒಳ್ಳೇದು, ಇಲ್ಲದಿದ್ದರೂ ನಡೆಯುತ್ತೆ. ಮೊದಲ ಗುಡ್ಡೆಯಲ್ಲಿ ಎಂಟಕ್ಕಿಂತ ಜಾಸ್ತಿ ಇರುವ ಹಾಗಿಲ್ಲ. ಎಂಟನ್ನು ಐದು ಮಾಡಿಸುತ್ತೇನೆ. ಆಮೇಲೆ ಒಂದು ಕಾರ್ಡನ್ನು ನಾನೇ ಎತ್ತಿಕೊಂಡು, "ನೀನು ಅಂದುಕೊಂಡಿರೋ ಕೆಲಸದಲ್ಲಿ ಇದು ಸಿಗಲ್ಲ, ಪರವಾಗಿಲ್ವಾ?" ಅನ್ನುತ್ತೇನೆ. ಆಗ ಮಾತಿಗಿಂತ ಮುಖ ನೋಡಬೇಕು. ಕೆಲವರು ತಗೊಳ್ಳಿ ಅಂತಾರೆ, ಕೆಲವರ ಕೈ ತಾನಾಗಿಯೇ ಕಾರ್ಡಿನ ಹಿಂದೆ ಬರುತ್ತೆ. ಉಳಿದ ಪ್ರತಿ ಕಾರ್ಡಿಗೂ ಒಂದು ಪ್ರಶ್ನೆ ಇದೆ: ಇದಕ್ಕೋಸ್ಕರ ನೀನು ಇತ್ತೀಚೆಗೆ ಏನನ್ನು ಬಿಟ್ಟಿದ್ದೀಯ? ಸಮಾಜ ಸೇವೆ ಮಾಡಬೇಕು, ಐಎಎಸ್ ಆಗಬೇಕು ಅಂತ ಗಟ್ಟಿಯಾಗಿ ಹೇಳಿದ ಒಬ್ಬ ಹುಡುಗ ಈ ಪ್ರಶ್ನೆಗೆ ಐದು ನಿಮಿಷ ಫ್ಯಾನ್ ನೋಡಿದ. ಯೂಟ್ಯೂಬಿನ ಇಂಟರ್‌ವ್ಯೂ ಉತ್ತರ ಬಾಯಿಪಾಠ ಆಗಿತ್ತು ಅಷ್ಟೇ. ಅಂದರೆ ಅವನು ಸುಳ್ಳುಗಾರ ಅಂತ ಅಲ್ಲ, 16ನೇ ವಯಸ್ಸಿಗೆ ಬೇರೆಯವರ ಆಸೆಯೂ ನಮ್ಮದೇ ಅನ್ನಿಸುತ್ತೆ. ಅದಕ್ಕೇ ಜೋಡಿಸಿದ್ದರ ಫೋಟೋ ತೆಗೆದಿಟ್ಟು, ಸೆಕೆಂಡ್ ಪಿಯುಸಿಯಲ್ಲಿ ಮತ್ತೆ ಕರೆದು ಕಾರ್ಡು ಕೊಡುತ್ತೇನೆ. ಅರ್ಧಕ್ಕರ್ಧ ಬದಲಾಗಿರುತ್ತೆ.

ನಡುವೆ ಒಂದು ಮಾತು. ಬೆರಳಚ್ಚು ನೋಡಿ ಮಗುವಿನ ಬುದ್ಧಿ, ಗುಣ, ಮುಂದಿನ ಕೆಲಸ ಎಲ್ಲ ಹೇಳುತ್ತೇವೆ ಅಂತ ಮಾರುವ ರಿಪೋರ್ಟನ್ನು ಸಾವಿರಾರು ರೂಪಾಯಿ ಕೊಟ್ಟು ಮಾಡಿಸಿ ತರುವವರು ಈಗಲೂ ಇದ್ದಾರೆ. ಅದಕ್ಕೆ ವಿಜ್ಞಾನದ ಆಧಾರ ಇಲ್ಲ. ಆದರೆ ನಮ್ಮ ಮಗನ ಬಗ್ಗೆ ಸರಿಯಾಗಿ ಬರೆದಿದೆಯಲ್ಲ ಅಂತಾರೆ. 1948ರಲ್ಲಿ ಮನಶ್ಶಾಸ್ತ್ರಜ್ಞ ಬರ್ಟ್ರಮ್ ಫೋರರ್ ತನ್ನ ವಿದ್ಯಾರ್ಥಿಗಳಿಗೆ ವ್ಯಕ್ತಿತ್ವ ಪರೀಕ್ಷೆ ಕೊಟ್ಟು, ಆಮೇಲೆ ಎಲ್ಲರಿಗೂ ಒಂದೇ ವಿವರಣೆಯನ್ನು ಇದು ನಿನ್ನದು ಅಂತ ಹಂಚಿದ. ಎಷ್ಟು ಹೊಂದುತ್ತೆ ಅಂತ ಕೇಳಿದರೆ ಐದಕ್ಕೆ ಸರಾಸರಿ 4ಕ್ಕಿಂತ ಜಾಸ್ತಿ ಅಂಕ ಕೊಟ್ಟರು. "ಇವನಿಗೆ ಬುದ್ಧಿ ಇದೆ, ಆದರೆ ಪೂರ್ತಿ ಉಪಯೋಗಿಸುತ್ತಿಲ್ಲ" ಅಂತ ಬರೆದರೆ ಯಾವ ಅಮ್ಮ ಒಪ್ಪಲ್ಲ ಹೇಳಿ. ನನ್ನ ಒಳ್ಳೇ ಪರೀಕ್ಷೆಗಳಿಗೂ ಮಿತಿ ಇದೆ. ಟೈಮ್ ಇಟ್ಟು ಇಂಗ್ಲಿಷಿನಲ್ಲಿ ಬರೆಸಿದರೆ ಕನ್ನಡ ಮೀಡಿಯಂ ಮಗುವಿನ ಭಾಷಾ ಸ್ಕೋರು ಬೀಳುತ್ತೆ, ಅದು ಬುದ್ಧಿಯ ಕೊರತೆ ಅಲ್ಲ, ಓದುವ ವೇಗ. ಆ ಭಾಗವನ್ನು ನಾನು ಪಕ್ಕಕ್ಕಿಟ್ಟೇ ಮಾತಾಡುತ್ತೇನೆ.

ಚನ್ನಗಿರಿ ಕಡೆಯ ಒಬ್ಬ ಹುಡುಗನ ಕತೆ ಹೇಳಬೇಕು. ನಾಲ್ಕು ಎಕರೆ ಅಡಿಕೆ ತೋಟ, ಒಬ್ಬನೇ ಮಗ, ಎಸ್ಸೆಸ್ಸೆಲ್ಸಿಯಲ್ಲಿ ಶೇ. 91. ಅಪ್ಪ ಬರುವಾಗಲೇ ನಿರ್ಧಾರ ಮಾಡಿಕೊಂಡು ಬಂದಿದ್ದರು. ಪಿಸಿಎಂಬಿ (ಕಂಪ್ಯೂಟರ್ ಬದಲು ಬಯಾಲಜಿ), ಹಾಸ್ಟೆಲ್ಲಿರುವ ಕಾಲೇಜು, ನೀಟ್ ಕೋಚಿಂಗ್, ಡಾಕ್ಟರು. "ಸುಮ್ನೆ ನೀವೊಂದ್ ಮಾತು ಹೇಳಿಬಿಡ್ರಿ ಮೇಡಂ, ನಿಮ್ ಮಾತಾದ್ರೂ ಕೇಳ್ತಾನೆ" ಅಂದರು. ಇಂಥವು ನನಗೆ ಹೊಸದಲ್ಲ, ಅರ್ಧಕ್ಕರ್ಧ ಜನ ಬರೋದೇ ಮುದ್ರೆ ಒತ್ತಿಸಿಕೊಳ್ಳೋಕೆ.

ಹುಡುಗ ಕಾರ್ಡು ಜೋಡಿಸುವಾಗ ಒಂದು ಚೇಷ್ಟೆ ಮಾಡಿದ. "ಊರು ಬಿಡಬಾರದು" ಕಾರ್ಡನ್ನು ಬೇಕೇ ಬೇಕು ಗುಡ್ಡೆಯಲ್ಲೇ ಇಟ್ಟ, ಆದರೆ ಬೇರೆ ಕಾರ್ಡಿನ ಅಡಿಗೆ, ಅಪ್ಪನಿಗೆ ಕಾಣದ ಹಾಗೆ. ಐದಕ್ಕೆ ಇಳಿಸುವಾಗಲೂ ಬಿಡಲಿಲ್ಲ. ಇದಕ್ಕೋಸ್ಕರ ಏನು ಬಿಟ್ಟೆ ಅಂದೆ. ತಲೆ ಎತ್ತದೆ, ಹೋದ ವರ್ಷ ಸ್ಕೂಲ್ ಟ್ರಿಪ್ಪಿಗೆ ಹೋಗಲಿಲ್ಲ, ಕೊಯ್ಲು ಇತ್ತು ಅಂದ. ಆಮೇಲೆ ಬಾಯಿ ಬಿಟ್ಟ ನೋಡಿ. ಯಾವ ಗಿಡಕ್ಕೆ ಹಿಡಿಮುಂಡಿಗೆ ರೋಗ ಬಂದಿದೆ, ಯಾವ ಸಾಲಿಗೆ ಬಸಿಗಾಲುವೆ ಸರಿಯಿಲ್ಲ, ಎಲ್ಲ ಹೇಳಿದ. ಹತ್ತು ನಿಮಿಷ. ಅವರಪ್ಪ ಕೂತಲ್ಲೇ ಕೇಳಿಸಿಕೊಂಡರು.

ಅವರಿಗೂ ಕಾರ್ಡು ಕೊಟ್ಟೆ. ಇದು ನಾನು ಆಮೇಲೆ ಕಲಿತ ಅಭ್ಯಾಸ, ಈಗ ಬಿಡೋದೇ ಇಲ್ಲ. ಕೊನೆಗೆ ಅವರ ಕೈಯಲ್ಲಿ ಉಳಿದಿದ್ದು ಒಂದೇ, ನಾಕು ಜನ ಮರ್ಯಾದೆ ಕೊಡಬೇಕು. ಅದೇ ಪ್ರಶ್ನೆ ಕೇಳಿದೆ. ಸಾಲಕ್ಕೆ ಅಂತ ಹೋದ ಕಡೆ ಒಂದು ಸಹಿಗೆ ಬೆಳಗಿಂದ ಮಧ್ಯಾಹ್ನದವರೆಗೆ ನಿಲ್ಲಿಸಿದ್ದರಂತೆ, ಖಾಲಿ ಕುರ್ಚಿ ಇದ್ದರೂ ಕೂತ್ಕೊಳ್ಳಿ ಅನ್ನಲಿಲ್ಲವಂತೆ. "ಇವ್ನು ಡಾಕ್ಟ್ರಾದ್ರೆ ಯಾರೂ ನಿಲ್ಸಲ್ಲ ಅಲ್ರಿ" ಅಂದರು. ಹುಡುಗ ಅಪ್ಪನನ್ನೇ ನೋಡುತ್ತಿದ್ದ. ಅವನಿಗೂ ಅದು ಗೊತ್ತಿರಲಿಲ್ಲ ಅಂತ ಕಾಣುತ್ತೆ.

ಅಲ್ಲಿಂದ ಮಾತಿನ ದಾರಿ ಬದಲಾಯಿತು. ಮರ್ಯಾದೆಯೂ ಬೇಕು, ಮಣ್ಣೂ ಬೇಕು ಅಂದರೆ ಏನಿದೆ ಅಂತ ಹುಡುಕಿದೆವು. ಬಿಎಸ್ಸಿ ಅಗ್ರಿ ಇದೆ, ಸಿಇಟಿ ಮೂಲಕವೇ ಸೀಟು, ರೈತರ ಮಕ್ಕಳಿಗೆ ಅಂತಲೇ ಕೋಟಾ ಇದೆ, ಅದಕ್ಕೆ ಪ್ರಾಯೋಗಿಕ ಪರೀಕ್ಷೆಯೂ ಇದೆ, ತೋಟದಲ್ಲಿ ಬೆಳೆದ ಹುಡುಗನಿಗೆ ಅದೇನು ದೊಡ್ಡ ಮಾತು. ತಮಾಷೆ ಅಂದರೆ ಕಾಂಬಿನೇಷನ್ ಬದಲಾಗಲಿಲ್ಲ. ಪಿಸಿಎಂಬಿಯನ್ನೇ ತಗೊಂಡ. ಹಾಸ್ಟೆಲ್ ಹೋಯಿತು, ಲಕ್ಷಗಟ್ಟಲೆ ಕೋಚಿಂಗ್ ಫೀಸು ಉಳಿಯಿತು. ಈಗ ಅಗ್ರಿ ಓದುತ್ತಿದ್ದಾನೆ. ಓದಿದ ಮೇಲೆ ತೋಟಕ್ಕೇ ಬರುತ್ತಾನೋ, ಅಧಿಕಾರಿಯಾಗಿ ಇನ್ನೆಲ್ಲಿಗೋ ಹೋಗುತ್ತಾನೋ, ಅದು ಅವನಿಗೆ ಬಿಟ್ಟಿದ್ದು. ಅಪ್ಪ ಪೂರ್ತಿ ಒಪ್ಪಿದ್ದಾರಾ ಅಂದರೆ, ಇಲ್ಲ. ಹೋದ ಸಲ ಸಿಕ್ಕಾಗಲೂ "ನೀಟ್ ಒಂದ್ಸಲ ಬರೀಬಹುದಿತ್ತು" ಅಂದರು.

ಇಷ್ಟೆಲ್ಲ ಬಂದ ಮೇಲೆ ನನಗೆ ಸ್ವಲ್ಪ ಜಂಬ ಬಂದಿತ್ತು. ಅದನ್ನು ಇಳಿಸಿದ್ದು ಜಗಳೂರಿನ ಒಂದು ಹುಡುಗಿ. ಎಸ್ಸೆಸ್ಸೆಲ್ಸಿ ಆಗಿತ್ತು, ಅಪ್ಪ ಮೆಕ್ಕೆಜೋಳದ ಮಾರುಕಟ್ಟೆಯಲ್ಲಿ ಹಮಾಲಿ. ಅವಳ ಐದರಲ್ಲಿ ಮೊದಲನೇದು "ಭದ್ರವಾದ ಕೆಲಸ." ಯಾಕಮ್ಮ ಅದೇ ಅಂದೆ. ಹೇಳಿದಳು. ಅಲ್ಲ, ಬೇರೆ ಏನಾದರೂ ಆಸೆ ಇಲ್ವಾ ಅಂದೆ. ಆ ಕಾರ್ಡು ಎತ್ತಿಕೊಂಡು ಇದಿಲ್ಲದಿದ್ದರೆ ಅಂದೆ. ಹುಡುಗಿ ಮೆತ್ತಗೆ, "ಉಳಿದಿದ್ದಕ್ಕೆ ಒಂದೊಂದೇ ಸಲ ಕೇಳಿದ್ರಿ ಮೇಡಂ, ಇದನ್ನ ಮಾತ್ರ ಯಾಕೆ ಮೂರು ಸಲ ಕೇಳ್ತೀರಿ?" ಅಂದಳು.

ನನ್ನ ಹತ್ತಿರ ಉತ್ತರ ಇರಲಿಲ್ಲ. ಇತ್ತು, ಹೇಳುವಂಥದ್ದಲ್ಲ. ನಾನು ಬ್ಯಾಂಕಿನ ಖಾಯಂ ಕೆಲಸ ಬಿಟ್ಟು ಬಂದವಳು. ನನ್ನ ಕಾರ್ಡು ನಾನೇ ಜೋಡಿಸಿದರೆ "ಯಾರ ಕೈಕೆಳಗೂ ಇರಬಾರದು" ಯಾವಾಗಲೂ ಮೇಲೆ. ಭದ್ರತೆ ಅಂದವರನ್ನು ಕಂಡರೆ ಒಳಗೆಲ್ಲೋ ಅಯ್ಯೋ ಪಾಪ ಅನ್ನಿಸುತ್ತಿತ್ತು. ಅವಳು ಹೇಳಿದಳು, "ಅಪ್ಪ ಮೂಟೆ ಹೊತ್ತ ದಿನ ದುಡ್ಡು, ಇಲ್ದಿದ್ರೆ ಇಲ್ಲ. ಮೊಣಕಾಲು ನೋವು ಅಂತ ನಾಕು ತಿಂಗಳು ಮನೇಲಿದ್ರು." ಅವತ್ತು ರಾತ್ರಿ ಅನ್ನ ಬಡಿಸುವಾಗ ಹೊಳೆಯಿತು, ನನ್ನ ಸ್ವಾತಂತ್ರ್ಯದ ಕಾರ್ಡು ಇಷ್ಟು ವರ್ಷ ನಿಂತಿದ್ದು ನಮ್ಮ ಯಜಮಾನರ ಸಂಬಳದ ಮೇಲೆ. ಈಗ ಪ್ರತಿ ಕಾರ್ಡಿಗೂ ಎಷ್ಟು ಸಲ ಯಾಕೆ ಅಂದೆ ಅಂತ ಹಾಳೆಯ ಅಂಚಿನಲ್ಲಿ ಗೀಟು ಹಾಕಿಕೊಳ್ಳುತ್ತೇನೆ. ಮಕ್ಕಳು ಏನೋ ಅಂಕ ಹಾಕ್ತಿದ್ದಾರೆ ಅಂದುಕೊಳ್ಳುತ್ತಾರೆ.

ಮಾರನೇ ವಾರ ಅವಳನ್ನು ಮತ್ತೆ ಕರೆದೆ. ಭದ್ರತೆ ಅಂದರೆ ನಿನಗೆ ತಿಂಗಳಾದ ಕೂಡಲೇ ದುಡ್ಡು ಬರೋದಾ, ಯಾರೂ ಕೆಲಸದಿಂದ ತೆಗೆಯೋ ಹಾಗಿಲ್ಲ ಅನ್ನೋದಾ ಅಂತ ಕೇಳಿದೆ. ಎರಡೂ ಒಂದೇ ಅಲ್ವಾ ಅಂದಳು. ಅಲ್ಲ. ಎರಡನೇದು ಬೇಕು ಅಂದರೆ ಪಿಯುಸಿ, ಡಿಗ್ರಿ, ಆಮೇಲೆ ಎಫ್‌ಡಿಎ, ಎಸ್‌ಡಿಎ, ಪಿಡಿಒ ಅಂತ ಸರ್ಕಾರಿ ಹುದ್ದೆಗಳ ಪರೀಕ್ಷೆ ಬರೆಯುತ್ತಾ ಹೋಗಬೇಕು, ನೋಟಿಫಿಕೇಷನ್ ಯಾವಾಗ ಬರುತ್ತೆ ಅಂತ ಕಾಯುತ್ತಾ ಎಷ್ಟು ವರ್ಷ ಆಗುತ್ತೋ, ಅಲ್ಲಿಯವರೆಗೆ ಮನೆ ನಡೆಯಬೇಕಲ್ಲ. ಮೊದಲನೇದು ಬೇಕು ಅಂದರೆ ದಾರಿ ಸಣ್ಣದಿದೆ. ಅವಳು ತುಂಬ ಹೊತ್ತು ಯೋಚಿಸಿ ಮೊದಲನೇದು ಅಂದಳು. ಆಕಾರ, ನಕ್ಷೆ ಓದುವ ಭಾಗದಲ್ಲಿ ಅವಳ ಸ್ಕೋರು ಚೆನ್ನಾಗಿತ್ತು, ಇಲ್ಲಿ ಪರೀಕ್ಷೆ ಕೆಲಸಕ್ಕೆ ಬಂತು ನೋಡಿ. ಸರ್ಕಾರಿ ಪಾಲಿಟೆಕ್ನಿಕ್, ಸಿವಿಲ್ ಡಿಪ್ಲೊಮಾ, ಮೂರು ವರ್ಷ. ಮುಂದೆ ಮನಸ್ಸಾದರೆ ನೇರ ಬಿಇ ಎರಡನೇ ವರ್ಷಕ್ಕೆ ಸೇರಬಹುದು, ಸರ್ಕಾರಿ ಜೂನಿಯರ್ ಇಂಜಿನಿಯರ್ ಹುದ್ದೆಗೆ ಕರೆದಾಗ ಅರ್ಜಿಯನ್ನೂ ಹಾಕಬಹುದು.

ಆಗ ನನ್ನ ಕಟ್ಟಿನಲ್ಲಿ ಇದ್ದಿದ್ದು 21 ಕಾರ್ಡು. "ಭದ್ರವಾದ ಕೆಲಸ" ಹರಿದುಹಾಕಿ ಅದರ ಜಾಗಕ್ಕೆ ಎರಡು ಮಾಡಿದೆ. ಮನೆಯಲ್ಲಿ ಲಗ್ನಪತ್ರಿಕೆ ಖಾಲಿಯಾಗಿತ್ತು, ಯಾರದೋ ಗೃಹಪ್ರವೇಶದ್ದು ಸಿಕ್ಕಿತು. ಹಾಗಾಗಿ ಅವೆರಡು ಮಾತ್ರ ಉಳಿದವಕ್ಕಿಂತ ಅರ್ಧ ಇಂಚು ಅಗಲ ಇವೆ, ಕಟ್ಟಿನಿಂದ ಹೊರಗೆ ಚಾಚಿಕೊಂಡಿರುತ್ತವೆ.