ನಾಲ್ಕು ಮತದಲ್ಲಿ ಹೋದ ಸೀಟು, ಕಲಂ 70ರಲ್ಲಿ ವಾಪಸು

ಒಂದೇ ಒಂದು ಸೀಟಿನ ಮೇಲೆ ಕೇಸು ಹಾಕುತ್ತೇನೆ ಅಂದಾಗ ನಮ್ಮ ಗುಂಪಿನವರೇ ಒಪ್ಪಲಿಲ್ಲ. 'ಹಾಕಿದರೆ ಇಡೀ ಚುನಾವಣೆ ಮೇಲೆ ಹಾಕು, ಇಲ್ಲಾಂದ್ರೆ ಸುಮ್ನಿರು' ಅಂದರು. ನಮ್ಮೂರ ಸಹಕಾರ ಸೊಸೈಟಿಯ ಆಡಳಿತ ಮಂಡಳಿ ಚುನಾವಣೆ ಅದು. ಹಲವು ಸೀಟುಗಳಿರುವ ಸಾಮಾನ್ಯ ಕ್ಷೇತ್ರದಲ್ಲಿ ಕೊನೆಯದಾಗಿ ಗೆದ್ದವರಿಗೆ 212 ಮತ, ನನಗೆ 208. ಅವರಿಗಿಂತ ಮೇಲಿದ್ದವರು ಮೂವತ್ತು ಮತ ಮುಂದೆ. ಅವರನ್ನು ಅಲುಗಾಡಿಸುವ ದಾಖಲೆ ನನ್ನ ಹತ್ತಿರ ಇರಲಿಲ್ಲ. ನಾಲ್ಕು ಮತದ ಲೆಕ್ಕಕ್ಕೆ ಸಿಗುವ ಹಾಗಿತ್ತು.

ಮೊದಲ ತಪ್ಪು ನನ್ನದೇ. ಯಾರೋ ಹೇಳಿದರು ಅಂತ ಹೈಕೋರ್ಟಿಗೆ ರಿಟ್ ಹಾಕಿದೆ. ಚುನಾವಣೆ ಮುಗಿದಿದೆ, ತಕರಾರಿಗೆ ಸಹಕಾರ ಸಂಘಗಳ ಕಾಯ್ದೆಯ ಕಲಂ 70ರ ದಾರಿ ಇದೆ, ಅಲ್ಲಿಗೆ ಹೋಗಿ ಅಂತಾಯಿತು. ಮೂವತ್ತೈದು ಸಾವಿರ ಹೋಯಿತು. ಪುಣ್ಯಕ್ಕೆ ಫಲಿತಾಂಶ ಬಂದ ಹನ್ನೆರಡನೇ ದಿನವೇ ಎ.ಆರ್. (ಸಹಕಾರ ಸಂಘಗಳ ಸಹಾಯಕ ನಿಬಂಧಕರು) ಕಚೇರಿಯಲ್ಲೂ ಆ ಕಲಂನಡಿ ತಕರಾರು ಅರ್ಜಿ ಕೊಟ್ಟಿದ್ದೆ. ಅವಧಿ ಮೀರಿತು ಅನ್ನುವ ಮಾತು ಬರಲಿಲ್ಲ.

ಎರಡನೇ ತಪ್ಪು, ಗೆದ್ದವರೊಬ್ಬರನ್ನೇ ಎದುರುದಾರರಾಗಿ ಮಾಡಿದ್ದು. ಆ ಕ್ಷೇತ್ರದಲ್ಲಿ ನಿಂತ ಎಲ್ಲರನ್ನೂ ಸೇರಿಸಬೇಕು ಅಂತ ಅವರ ವಕೀಲರು ಆಕ್ಷೇಪ ಎತ್ತಿದರು. ಅರ್ಜಿ ತಿದ್ದಿ, ಎಲ್ಲರಿಗೂ ನೋಟಿಸು ಮುಟ್ಟುವಷ್ಟರಲ್ಲಿ ಎರಡು ತಿಂಗಳು ಕಳೆಯಿತು.

ದಾಖಲೆ ತೆಗೆಸುವುದೇ ದೊಡ್ಡ ಕೆಲಸ. ಸೊಸೈಟಿಗೆ ಮಾಹಿತಿ ಹಕ್ಕಿನ ಅರ್ಜಿ ಕೊಟ್ಟೆ. 2013ರಲ್ಲಿ ಕೇರಳದ ತಲಪ್ಪಾಲಂ ಬ್ಯಾಂಕಿನ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಕೊಟ್ಟ ತೀರ್ಪನ್ನೇ ಮುಂದಿಟ್ಟು, ನಾವು ಸಾರ್ವಜನಿಕ ಪ್ರಾಧಿಕಾರ ಅಲ್ಲ ಅಂದರು. ಆದರೆ ಸರ್ಕಾರದ ಸಹಕಾರ ಇಲಾಖೆ ಕಚೇರಿಗೆ ಆ ಮಾತು ಹೇಳಲು ಬರುವುದಿಲ್ಲ ಅಲ್ವಾ? ಸೊಸೈಟಿಯವರು ಅಲ್ಲಿಗೆ ಕಳಿಸಿದ್ದ ಸದಸ್ಯರ ಪಟ್ಟಿ ಅಲ್ಲಿಂದಲೇ ಸಿಕ್ಕಿತು. ಮತಪತ್ರದ ಕೌಂಟರ್‌ಫಾಯಿಲ್‌ಗಳನ್ನು, ಅಂದರೆ ಮತ ಹಾಕಿದವರ ಸಹಿ ಇರುವ ಉಳಿಕೆ ತುಂಡುಗಳನ್ನು, ವಿಚಾರಣೆಯಲ್ಲೇ ತರಿಸಿದೆ. ಯಾವ ದಿನ, ಯಾವ ಮಾತಿನಲ್ಲಿ ಕೇಳಿದರೆ ಅವು ಬರುತ್ತವೆ ಅನ್ನುವುದನ್ನು ಇಲ್ಲಿ ಬರೆಯುವುದಿಲ್ಲ. ಪಕ್ಕದೂರಿನವರ ಎರಡು ಕೇಸು ಇನ್ನೂ ನಡೆಯುತ್ತಿವೆ.

ಪಟ್ಟಿಯನ್ನು ಹಿಡಿದು ಓಣಿ ಓಣಿ ತಿರುಗಿದೆ. ಮತದಾನಕ್ಕೆ ಮುಂಚೆಯೇ ತೀರಿಹೋದ ಏಳು ಜನರ ಹೆಸರಿನಲ್ಲಿ ಮತ ಬಿದ್ದಿತ್ತು! ಏಳೂ ಮರಣ ಪ್ರಮಾಣಪತ್ರ ತೆಗೆಸಿದೆ. ಇಬ್ಬರು ಬೆಂಗಳೂರಿನ ಆಸ್ಪತ್ರೆಯಲ್ಲಿ ತೀರಿಕೊಂಡಿದ್ದರಿಂದ ಅದಕ್ಕೇ ಮೂರು ಸಲ ಓಡಾಡಿದೆ.

ನಡುವೆ ಬೇರೆ ಪ್ರಯೋಗಗಳನ್ನೂ ಮಾಡಿದೆ. ಕೌಂಟರ್‌ಫಾಯಿಲ್ ಸಹಿಗಳನ್ನು ಕೈಬರಹ ತಜ್ಞರಿಗೆ ತೋರಿಸಿದೆ. ಹನ್ನೆರಡು ಸಾವಿರ ಕೊಟ್ಟಿದ್ದಕ್ಕೆ 'ಖಚಿತವಾಗಿ ಹೇಳಲಾಗದು' ಅನ್ನುವ ವರದಿ ಬಂತು. ಸಾಮಾನ್ಯ ಸಭೆಗೆ ಬಂದಿಲ್ಲ ಅಂತ ಮತ ಹಾಕಲು ಅನರ್ಹರ ಪಟ್ಟಿಗೆ ಹಾಕಿದವರ ಹಾಜರಾತಿಯನ್ನು ಐದು ವರ್ಷದಷ್ಟು ಎಕ್ಸೆಲ್‌ಗೆ ಇಳಿಸಿದೆ. ಒಂದು ತಿಂಗಳ ರಾತ್ರಿ ನಿದ್ದೆ ಅದಕ್ಕೇ ಹೋಯಿತು. ಕೇಸಿಗೆ ಅದನ್ನು ಬಳಸಲಿಲ್ಲ. ಆ ಜಗಳ ಮತದಾನಕ್ಕೆ ಮುಂಚೆ ಆಡಬೇಕಾದದ್ದು. ಆಗಲೇ ಮಧ್ಯಂತರ ಆದೇಶ ತಂದರೆ ಆ ಮತಗಳನ್ನು ಬೇರೆ ಪೆಟ್ಟಿಗೆಯಲ್ಲಾದರೂ ಇಡುತ್ತಾರೆ.

ಪಾಟೀಸವಾಲಿನಲ್ಲಿ ಅವರ ವಕೀಲರು ಒಂದೇ ಪಟ್ಟು ಹಿಡಿದರು. 'ಆ ಏಳು ಮತ ನಮ್ಮ ಕಕ್ಷಿದಾರರಿಗೇ ಬಿದ್ದವು ಅಂತ ತೋರಿಸಿ.' ತೋರಿಸಲು ಯಾರಿಂದಲೂ ಆಗದು, ಗುಟ್ಟಿನ ಮತದಾನ. ನನ್ನ ಉತ್ತರ ಇಷ್ಟೇ: ಕೆಟ್ಟ ಮತ ಏಳು, ಅಂತರ ನಾಲ್ಕು. ಯಾರು ಗೆದ್ದರು ಅಂತ ಹೇಳಲು ಬರುವುದಿಲ್ಲ, ಆ ಸೀಟಿಗೆ ಮತ್ತೆ ಚುನಾವಣೆ ಮಾಡಿ. ಲಂಚ, ಬೆದರಿಕೆ, ಹಂಚಿದ ಸೀರೆ ಯಾವುದನ್ನೂ ಅರ್ಜಿಯಲ್ಲಿ ಬರೆದಿರಲಿಲ್ಲ. ಬರೆದಿದ್ದರೆ ಸಾಕ್ಷಿ ಕರೆಸುವುದರಲ್ಲೇ ಐದು ವರ್ಷದ ಅವಧಿ ಮುಗಿಯುತ್ತಿತ್ತು.

ಹದಿನಾಲ್ಕು ತಿಂಗಳಿಗೆ ಆದೇಶ ಬಂತು. ಆ ಸೀಟಿನ ಆಯ್ಕೆ ರದ್ದಾಯಿತು. ಅವರು ಮೇಲ್ಮನವಿ ನ್ಯಾಯಮಂಡಳಿಗೆ ಹೋದರು, ತಡೆ ಸಿಗಲಿಲ್ಲ. ವಕೀಲರ ಫೀಸು, ನಕಲು, ಬಸ್ಸು ಎಲ್ಲ ಸೇರಿ ನನಗೆ ಎಂಬತ್ತು ಸಾವಿರದಷ್ಟು ಖರ್ಚು. ಮರುಚುನಾವಣೆಯಲ್ಲಿ ಅರವತ್ತೊಂದು ಮತದಿಂದ ಗೆದ್ದೆ. ಸುಮ್ನಿರು ಅಂದವರೇ ಹಾರ ತಂದಿದ್ದರು.

ತೀರಿಹೋದ ಆ ಏಳು ಜನರಲ್ಲಿ ನಾಲ್ವರ ಷೇರು ಈಗ ಅವರ ಹೆಂಡತಿಯರ ಹೆಸರಿಗೆ ಬಂದಿದೆ. ಉಳಿದ ಮೂವರ ನಾಮಿನಿ ಕಾಗದ ಕಪಾಟಿನಲ್ಲಿ ಸಿಗುತ್ತಿಲ್ಲ, ಹುಡುಕಿಸುತ್ತಿದ್ದೇನೆ.